ಕಪ್ಪು ಕನ್ನಡಕದ ಸಾಕ್ಷಿ

ಪ್ರಶ್ನೆ: ಇಟಲಿಯ ಕ್ರೆಮೋನಾ ಊರಿನ ಪಿಟೀಲು ತಯಾರಕರ ಕಸುಬು ಸೊರಗುತ್ತಿದೆಯೆಂದು ಎರಡು ಪುಟ ಕಣ್ಣೀರು ಸುರಿಸಿದ್ದೀರಿ. ನನ್ನ ಮಗಳು ಕಾರ್ಖಾನೆಯ ಪಿಟೀಲಿನಲ್ಲೇ ವರ್ಣ ನುಡಿಸುತ್ತಾಳೆ. ಕಣ್ಣಿಗೆ ಮರೆಮಾಡಿದರೆ ಘಟಾನುಘಟಿ ವಾದಕರೂ ಕ್ರೆಮೋನಾದ ಹಳೆಯ ಕುಶಲಕರ್ಮಿ ಸ್ಟ್ರಾಡಿವೇರಿ ಮಾಡಿದ ಪಿಟೀಲನ್ನು ಗುರುತಿಸಲಾರರಂತೆ. ಮತ್ತೇಕೆ ಈ ಗೋಳು?
– ಓದುಗರೊಬ್ಬರು, ತುಮಕೂರು

ಸಂಪಾದಕರ ಉತ್ತರ: ಕೈಗೆಟಕುವ ಬೆಲೆಯ ಪಿಟೀಲು ಬಾರದಿದ್ದರೆ ನಮ್ಮ ಎಷ್ಟೋ ಮಕ್ಕಳು ಕಮಾನನ್ನೇ ಹಿಡಿಯುತ್ತಿರಲಿಲ್ಲ. ಒಪ್ಪಿದೆ.

ಆದರೆ ಸ್ವಾಮಿ, ಆ ಪರೀಕ್ಷೆಯ ಸುದ್ದಿಯನ್ನು ತಾವು ಅರ್ಧಕ್ಕೇ ಮಡಚಿಟ್ಟಿದ್ದೀರಿ. 2012ರಲ್ಲಿ ಪ್ಯಾರಿಸ್ ಬಳಿ, ವೆಲ್ಡಿಂಗ್‌ನವರ ಕಪ್ಪು ಕನ್ನಡಕ ಹಾಕಿಕೊಂಡು ನುಡಿಸಿದ 10 ವಾದಕರಲ್ಲಿ 6 ಮಂದಿ ಹೊಸ ಪಿಟೀಲನ್ನೇ ಆರಿಸಿದರು, ನಿಜ. ಆ ಹೊಸವು ಯಾವ ಕಾರ್ಖಾನೆಯವು? ಅವೂ ಇಂದಿನ ನುರಿತ ಕುಶಲಕರ್ಮಿಗಳ ಕೈಯಿಂದ ಬಂದವೇ! ತಾವು ನನ್ನ ಪರ ಸಾಕ್ಷಿಯನ್ನು ತಾವೇ ಕರೆತಂದಿದ್ದೀರಿ.

ಕ್ರೆಮೋನಾದ ಕಸುಬುದಾರ ವರ್ಷಕ್ಕೆ ಮಾಡುವುದು ಮೂರರಿಂದ ಆರು ವಾದ್ಯ. ಒಂದೊಂದಕ್ಕೂ 70ಕ್ಕಿಂತ ಹೆಚ್ಚು ಮರದ ತುಂಡು. ಮೇಲಿನ ಸ್ಪ್ರೂಸ್ ಮರದ ಹಲಗೆಯನ್ನು ಹೆರೆಯುತ್ತಾನೆ, ಬೆರಳಿನ ಗೆಣ್ಣಿನಿಂದ ತಟ್ಟಿ ಕಿವಿಗೊಡುತ್ತಾನೆ, ಮತ್ತೆ ಕೂದಲೆಳೆಯಷ್ಟು ಹೆರೆಯುತ್ತಾನೆ. ಎಲ್ಲಿ ನಿಲ್ಲಿಸಬೇಕೆಂದು ಹೇಳುವುದು ಆ ಹಲಗೆಯೇ. ಆ ಊರಿನ ಮರ್ಯಾದೆಯನ್ನೂ ನೋಡಿ. 2019ರಲ್ಲಿ ಹಳೆಯ ವಾದ್ಯಗಳ ನಾದವನ್ನು ಧ್ವನಿಮುದ್ರಿಸುವಾಗ ಅಲ್ಲಿನ ಪಿಟೀಲು ಮ್ಯೂಸಿಯಂ ಸುತ್ತಲಿನ ಬೀದಿಗಳಲ್ಲಿ ವಾಹನ ನಿಲ್ಲಿಸಿ, ಸದ್ದು ಮಾಡಬೇಡಿ ಎಂದು ಮೇಯರರೇ ಜನರನ್ನು ಕೇಳಿಕೊಂಡರು. ನಮ್ಮಲ್ಲಿ ಕಛೇರಿಯಲ್ಲಿ ಮೃದಂಗದ ತನಿಯಾವರ್ತನದ ನಡುವೆ ಮೊಬೈಲ್ ರಿಂಗಣಿಸಿದರೆ ಎದ್ದು ಹೊರಗೆ ಹೋಗುವವರೂ ಇಲ್ಲ.

ಪಿಟೀಲಿನ ಹೊಟ್ಟೆಯೊಳಗೆ ಒಂದು ಪುಟ್ಟ ಕಡ್ಡಿಯಿದೆ. ಅದಕ್ಕೆ ಅಂಟಿಲ್ಲ, ಮೊಳೆಯಿಲ್ಲ. ಎರಡು ಹಲಗೆಗಳ ನಡುವೆ ಬಿಗಿಯಾಗಿ ನಿಂತಿರುತ್ತದೆ. ಇಟಲಿಯವರು ಅದನ್ನು ‘ಆನಿಮಾ’, ಅಂದರೆ ಆತ್ಮ ಎನ್ನುತ್ತಾರೆ. ಒಮ್ಮೆ ನನ್ನ ಪಿಟೀಲಿನ ಆತ್ಮ ಉರುಳಿಬಿತ್ತು. ಮಾರಿದ ಅಂಗಡಿಯಾತ ನಿರ್ಲಿಪ್ತನಾಗಿ, ‘ಹೊಸದೇ ತಗೊಳ್ಳಿ ಸಾರ್’ ಎಂದ. ಕೊನೆಗೆ ಮೈಸೂರಿನ ಓಣಿಯೊಂದರ ಮುದುಕರು ಬಗ್ಗಿದ ಕಬ್ಬಿಣದ ಕೊಕ್ಕೆಯೊಂದನ್ನು ಮೇಲಿನ ಹಲಗೆಯ ಸೀಳಿನಲ್ಲಿ ಇಳಿಸಿ, ಕಡ್ಡಿಯನ್ನು ಎತ್ತಿ ನಿಲ್ಲಿಸಿ, ಎಳ್ಳಿನಷ್ಟು ಬಲಕ್ಕೆ ತಟ್ಟಿದರು. ಮಂದ್ರದ ಗೊಗ್ಗರು ಮಾಯವಾಯಿತು. ಅವರು ತೀರಿಕೊಂಡ ಮೇಲೆ ಆ ಕೊಕ್ಕೆ ಯಾರ ಕೈಗೂ ಹೋಗಲಿಲ್ಲ. ಕೊಡೆ ರಿಪೇರಿಯವನೂ ಹಾಗೆಯೇ ಹೋದ, ಪೆನ್ನಿನ ನಿಬ್ಬು ಸರಿಮಾಡುತ್ತಿದ್ದವನೂ ಹೋದ. ಪಿಟೀಲು ಚೌಡಯ್ಯನವರ ನೆನಪಿಗೆ ಬೆಂಗಳೂರಿನಲ್ಲಿ ಪಿಟೀಲಿನ ಆಕಾರದ ಸಭಾಂಗಣವನ್ನೇ ಕಟ್ಟಿದವರು ನಾವು. ಪಿಟೀಲು ಕೆಟ್ಟರೆ ಎಲ್ಲಿಗೆ ಒಯ್ಯಬೇಕೆಂದು ಕೇಳಿದರೆ ಮುಖ ಮುಖ ನೋಡಿಕೊಳ್ಳುತ್ತೇವೆ.

ಇರಲಿ. ಮಗಳ ಪಿಟೀಲಿನ ಸೀಳಿಗೊಮ್ಮೆ ಟಾರ್ಚ್ ಹಿಡಿದು ನೋಡಿ. ಕಡ್ಡಿ ನೆಟ್ಟಗೆ ನಿಂತಿದೆಯೇ, ಬರೆದು ತಿಳಿಸಿ.