ಕದ್ದ ಮೊಬೈಲ್ ಕೊಂಡವರಿಗೆ ನಿರೀಕ್ಷಣಾ ಜಾಮೀನು

ಬೀದರಿನಲ್ಲಿ ಕೊಂಡ ಹಳೆಯ ಮೊಬೈಲಿನ ವಿಷಯಕ್ಕೆ ಪೊಲೀಸ್ ಠಾಣೆಯಿಂದ ಕರೆ ಬಂದಿದೆ, ಬಂಧನವಾಗದಂತೆ ಏನು ಮಾಡಲಿ ಎಂದು ಕೇಳಿದ್ದೀರಿ. ಆ ಫೋನಿನ ಐಎಂಇಐ ಸಂಖ್ಯೆಯ (ಪ್ರತಿ ಫೋನಿಗೂ ಇರುವ ಗುರುತು ಸಂಖ್ಯೆ) ಜಾಡು ಹಿಡಿದೇ ಕರೆ ಬಂದಿರಬೇಕು. ಸಿಕ್ಕಿಬಿದ್ದ ಕಳ್ಳ ನಿಮ್ಮ ಹೆಸರು ಹೇಳಿರಲೂಬಹುದು. ಮೊದಲು ಎಫ್‌ಐಆರ್ ಸಂಖ್ಯೆ, ಕಲಂ ಕೇಳಿಕೊಳ್ಳಿ. ಅದು ಕದ್ದ ಮಾಲು ಪಡೆದ ಆರೋಪದ ಬಿಎನ್‌ಎಸ್ (ಭಾರತೀಯ ನ್ಯಾಯ ಸಂಹಿತೆ) 317(2) ಆಗಿದ್ದರೆ ಗರಿಷ್ಠ ಶಿಕ್ಷೆ 3 ವರ್ಷ. ವಿಚಾರಣೆಗೆ ಹಾಜರಾಗಲು ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) 35(3)ರ ನೋಟಿಸ್ ಬಂದರೆ ತಪ್ಪದೆ ಹಾಜರಾಗಿ, ಬಂಧನದ ಸಂಭವ ಕಡಿಮೆ. ನೋಟಿಸ್ ಕೊಡದೆ ಬರೀ ‘ಬಂದು ಹೋಗಿ’ ಎನ್ನುತ್ತಿದ್ದರೆ ವಕೀಲರ ಮೂಲಕ ಸೆಷನ್ಸ್ ನ್ಯಾಯಾಲಯದಲ್ಲಿ ಬಿಎನ್‌ಎಸ್‌ಎಸ್ 482ರಡಿ ನಿರೀಕ್ಷಣಾ ಜಾಮೀನಿಗೆ (ಬಂಧನಕ್ಕೆ ಮೊದಲೇ ಪಡೆಯುವ ಜಾಮೀನು) ಅರ್ಜಿ ಹಾಕಿ. ಅಲ್ಲಿ ತಿರಸ್ಕೃತವಾದರೆ ಹೈಕೋರ್ಟಿನ ಕಲಬುರಗಿ ಪೀಠವಿದೆ.

ಕದ್ದ ಮಾಲೆಂದು ತಿಳಿದಿರಲಿಲ್ಲ ಎಂಬುದೇ ನಿಮ್ಮ ವಾದ. ಇಂಥದೇ ಪ್ರಕರಣದಲ್ಲಿ ನನ್ನ ತಮ್ಮನ ಕೈಹಿಡಿದದ್ದು ಫೋನ್‌ಪೇ ರಸೀದಿ, ಮಾರಿದವನ ವಾಟ್ಸ್‌ಆಪ್ ಸಂದೇಶಗಳು. ಆದರೆ 20,000ದ ಫೋನನ್ನು ಬಿಲ್ಲಿಲ್ಲದೆ 3,000ಕ್ಕೆ ಕೊಂಡಿದ್ದರೆ ನ್ಯಾಯಾಧೀಶರು ಹೇಗೆ ನೋಡುತ್ತಾರೋ ಹೇಳಲಾಗದು. ಫೋನನ್ನು ಮಾತ್ರ ಮಾರಬೇಡಿ, ಏನನ್ನೂ ಅಳಿಸಬೇಡಿ. ಪೊಲೀಸರಿಗೆ ಒಪ್ಪಿಸುವಾಗ ಪಂಚನಾಮೆಯ (ಸಾಕ್ಷಿಗಳ ಮುಂದೆ ಬರೆಯುವ ಜಪ್ತಿ ದಾಖಲೆ) ಪ್ರತಿ ಕೇಳಿ.