ಗಾಯಕಿಯ ಕೀರ್ತಿ ಬಂದಿದೆ, ಗಾಯನ ಬಂದಿಲ್ಲ

ಪ್ರಿಯ ಲೇಖಕರೆ, ನಮಸ್ಕಾರ.

ಫಿನ್ಲೆಂಡಿನ ಕಛೇರಿ ಗಾಯಕಿ ಇದಾ ಎಕ್ಮನ್ (1875–1942) ಅವರನ್ನು ಕುರಿತ ನಿಮ್ಮ ಲೇಖನವನ್ನು ಗಮನವಿಟ್ಟು ಓದಿದೆ. ಇವರನ್ನು ಕನ್ನಡದ ಓದುಗರಿಗೆ ಪರಿಚಯಿಸಬೇಕೆಂದು ನಿಮಗೆ ಅನಿಸಿದ್ದು ನನಗೆ ನಿಜವಾಗಿಯೂ ಸಂತೋಷ ತಂದಿದೆ. ಆದರೆ ಲೇಖನವನ್ನು ಈಗಿರುವ ರೂಪದಲ್ಲಿ ಪ್ರಕಟಿಸಲಾರೆವು. ಇವರಿಗೆ ಸಂದ ಮನ್ನಣೆಯೆಲ್ಲ ಇದರಲ್ಲಿದೆ. ಇವರು ಹೇಗೆ ಹಾಡುತ್ತಿದ್ದರು ಎಂಬುದು ಮಾತ್ರ ಇಲ್ಲ. ‘ಕೋಗಿಲೆ ಕಂಠ’, ‘ಗಂಧರ್ವ ಗಾನ’ ಎಂಬ ಮಾತುಗಳನ್ನು ಯಾವ ಗಾಯಕಿಗೆ ಬೇಕಾದರೂ ಹೇಳಬಹುದಾದ್ದರಿಂದ ಅವು ಇವರೊಬ್ಬರ ಬಗ್ಗೆ ಏನನ್ನೂ ಹೇಳುವುದಿಲ್ಲ.

ವಿಯೆನ್ನಾದಲ್ಲಿ ಜರ್ಮನಿಯ ಹೆಸರಾಂತ ಸಂಗೀತ ರಚನಕಾರ, ಮುದುಕ ಬ್ರಾಮ್ಸ್ ಇವರ ಹಾಡು ಕೇಳಿ ಮೆಚ್ಚಿದನೆಂಬ ಪ್ರಸಂಗದಿಂದ ನೀವು ಆರಂಭಿಸಿದ್ದೀರಿ. ಪ್ರಸಂಗ ಇರಲಿ, ಆದರೆ ಮೊದಲಲ್ಲೇ ಬೇಡ. ದೊಡ್ಡವರೊಬ್ಬರ ಪ್ರಶಂಸಾಪತ್ರ ಮುಂದೆ ಬಂದ ಕೂಡಲೇ ಓದುಗ ಗಾಯಕಿಯ ಕಡೆಗೆ ಕಿವಿಗೊಡುವುದನ್ನು ಬಿಟ್ಟು ಪತ್ರಕ್ಕೆ ತಲೆಬಾಗುತ್ತಾನೆ. ಆಗ ಇವರು ಹಾಡಿದ್ದು ಫಿನ್ಲೆಂಡಿನ ಸಂಗೀತ ರಚನಕಾರ ಸಿಬೇಲಿಯಸ್‌ನ ಒಂದು ಗೀತೆ ಎಂಬುದನ್ನು ನೀವು ಅರ್ಧ ವಾಕ್ಯದಲ್ಲಿ ಮುಗಿಸಿದ್ದೀರಿ. ಲೇಖನದ ತಿರುಳು ಇರುವುದು ಅಲ್ಲಿ. ಫಿನ್ಲೆಂಡಿನ ಕವಿ ರೂನೆಬೆರ್ಗ್ ಸ್ವೀಡಿಷ್ ಭಾಷೆಯಲ್ಲಿ ಬರೆದ ಆ ಕವಿತೆಯಲ್ಲಿ, ವಸಂತ ಏಕಿಷ್ಟು ಬೇಗ ಮುಗಿಯುತ್ತದೆ, ಬೇಸಿಗೆ ಏಕೆ ನಿಲ್ಲುವುದಿಲ್ಲ ಎಂದು ಕಂಡಕಂಡವರನ್ನು ಕೇಳುತ್ತಿದ್ದ ಹುಡುಗಿ, ಪ್ರಿಯಕರ ಕೈಬಿಟ್ಟ ಮೇಲೆ ಕೇಳುವುದನ್ನೇ ನಿಲ್ಲಿಸುತ್ತಾಳೆ. ಮೊದಲರ್ಧದ ಕುತೂಹಲ ಉತ್ತರಾರ್ಧದಲ್ಲಿ ಅರಿವಾಗಿ ಮಾರ್ಪಡುವುದನ್ನು ಹಾಡುವವರು ಅಳುಕದೆ, ಅಳದೆ ದಾಟಿಸಬೇಕು. ಇಪ್ಪತ್ತರ ಹರೆಯದ ಗಾಯಕಿಗೆ ಅದು ಎಂಥ ಕೆಲಸವೆಂದು ಯೋಚಿಸಿ ಬರೆಯಿರಿ.

ಇನ್ನೊಂದು ಮಾತನ್ನು ನೀವು ಓದುಗರಿಗೆ ಮೊದಲೇ ತಿಳಿಸಬೇಕು. ಹಾಡುತ್ತಲೇ ಹೊಸದಾಗಿ ಕಟ್ಟುವ ಆಲಾಪ, ನೆರವಲು, ತಾನಗಳಲ್ಲಿ ಗಾಯಕರ ಮನೋಧರ್ಮವನ್ನು ಅಳೆಯುವುದು ನಮ್ಮ ಕೇಳುಗರ ರೂಢಿ. ಈ ಗೀತೆಗಳಲ್ಲಾದರೆ ರಚನಕಾರ ಬರೆದಿಟ್ಟ ಸ್ವರಗಳಲ್ಲಿ ಒಂದನ್ನೂ ಗಾಯಕಿ ಬದಲಿಸುವಂತಿಲ್ಲ. ಪಿಯಾನೋದ ಪ್ರತಿ ಸ್ವರವೂ ಬರೆದೇ ಇರುತ್ತದೆ. ಹಾಗಾದರೆ ಇವರ ಕಲೆ ಎಲ್ಲಿದೆ? ಉಸಿರು ಎಲ್ಲಿ ತೆಗೆದುಕೊಳ್ಳುವುದು, ಯಾವ ವ್ಯಂಜನವನ್ನು ಒತ್ತುವುದು, ಯಾವ ಸ್ವರದಲ್ಲಿ ಕಂಪನವನ್ನು ತಡೆದು ಸಪಾಟಾಗಿ ನಿಲ್ಲುವುದು, ಪಿಯಾನೋ ಒಂಟಿಯಾಗಿ ನುಡಿಯುವಾಗ ಹೇಗೆ ಕಾಯುವುದು ಎಂಬಂಥ ತೀರ್ಮಾನಗಳಲ್ಲಿ. ಪಕ್ಕದಲ್ಲಿ ಪಿಯಾನೋ ನುಡಿಸುತ್ತಿದ್ದವರು ಪತಿ ಕಾರ್ಲ್ ಎಕ್ಮನ್. ಅವರನ್ನು ನೀವು ‘ಬೆನ್ನೆಲುಬಾಗಿ ನಿಂತ ಪತಿ’ ಎಂದು ಕರೆದು ಮುಂದೆ ಹೋಗಿದ್ದೀರಿ. ಅವರು ಸಿಬೇಲಿಯಸ್ ಗೀತೆಗಳನ್ನು ಪಿಯಾನೋ ಒಂದಕ್ಕೇ ಹೊಂದಿಸಿ ಬರೆದಷ್ಟು ಆ ಸಂಗೀತವನ್ನು ಬಲ್ಲವರು. ಅವರಿಗೊಂದು ಪೂರ್ಣ ಪರಿಚ್ಛೇದ ಸಲ್ಲಬೇಕು.

‘ಕಪ್ಪು ಗುಲಾಬಿಗಳು’ ಗೀತೆಯನ್ನು, ಆಗ ಫಿನ್ಲೆಂಡನ್ನು ಆಳುತ್ತಿದ್ದ ರಷ್ಯಾದ ದಬ್ಬಾಳಿಕೆಯ ವಿರುದ್ಧದ ಕೂಗೆಂದು ಬರೆದಿದ್ದೀರಿ. ದಯವಿಟ್ಟು ಅದನ್ನು ತೆಗೆಯಿರಿ. ಫಿನ್ಲೆಂಡಿನ ಸ್ವಾಯತ್ತತೆಯನ್ನು ಮೊಟಕುಗೊಳಿಸುವ ರಷ್ಯಾದ ಚಕ್ರವರ್ತಿ ತ್ಸಾರ್‌ನ ಘೋಷಣೆ ಹೊರಬಿದ್ದ 1899ರಲ್ಲೇ ಸಿಬೇಲಿಯಸ್ ಇದಕ್ಕೆ ಸಂಗೀತ ಬರೆದದ್ದು, ಅದೇ ವರ್ಷ ಇದಾ ಎಕ್ಮನ್ ಇದನ್ನು ಮೊದಲು ಹಾಡಿದ್ದು ನಿಜ. ಆದರೆ ಕವಿತೆ ಅದಕ್ಕಿಂತ ಹಿಂದಿನದು. ಬರೆದವನು ಸ್ವೀಡನ್ನಿನ ಚಿತ್ರಕಾರ ಎರ್ನ್ಸ್ಟ್ ಯೋಸೆಫ್ಸನ್. ದುಃಖಕ್ಕೆ ಕಾರಿರುಳಿನಂಥ ಗುಲಾಬಿಗಳಿವೆ ಎಂಬ ಸಾಲು ಪ್ರತಿ ಚರಣದ ಕೊನೆಗೂ ಮರಳುತ್ತದೆ, ಕಟ್ಟಕಡೆಯಲ್ಲಿ ದನಿ ತಾರಕಕ್ಕೇರಿ ಸಿಡಿಯುತ್ತದೆ. ಆ ಸ್ಫೋಟಕ್ಕಾಗಿ ಮೊದಲ ಚರಣದಿಂದಲೇ ದನಿಯನ್ನು ಹಿಡಿದಿಟ್ಟುಕೊಳ್ಳಬೇಕು. ಇದನ್ನು ತೋರಿಸಿದರೆ ರಾಜಕೀಯದ ಊರುಗೋಲು ಬೇಕಾಗುವುದಿಲ್ಲ.

ನಿಜವಾದ ಇತಿಹಾಸ ನಿಮ್ಮ ಲೇಖನದಲ್ಲಿ ಬೇರೆಡೆ ಅಡಗಿದೆ. ಹೆಲ್ಸಿಂಕಿಯ ಯೆಹೂದಿ ಮನೆತನದಲ್ಲಿ ಹುಟ್ಟಿದವರೆಂದು ಒಂದು ಸಾಲು ಬರೆದಿದ್ದೀರಿ. ಫಿನ್ಲೆಂಡಿನ ಯೆಹೂದಿಗಳಿಗೆ ಪೂರ್ಣ ನಾಗರಿಕ ಹಕ್ಕು ದೊರೆತದ್ದು ದೇಶ ಸ್ವತಂತ್ರವಾದ ಮೇಲೆ, 1918ರಲ್ಲಿ. ಫಿನ್ಲೆಂಡಿನ ಗೀತೆಗೆ ಹೊರನಾಡುಗಳಲ್ಲಿ ದನಿಯಾದ ಗಾಯಕಿ, ತನ್ನ ನಾಡು ಇನ್ನೂ ಪ್ರಜೆಗಳೆಂದು ಒಪ್ಪದ ಸಮುದಾಯದಲ್ಲಿ ಹುಟ್ಟಿದ್ದರು. ಇದನ್ನು ನಿಧಾನವಾಗಿ, ಕನಿಕರದ ವಿಶೇಷಣಗಳಿಲ್ಲದೆ ಬಿಡಿಸಿ ಹೇಳಿ.

ಇಪ್ಪತ್ತನೆಯ ಶತಮಾನದ ಮೊದಲ ದಶಕದಲ್ಲಿ ಇವರು ಹಾಡಿದ ಧ್ವನಿಮುದ್ರಿಕೆಗಳು ಉಳಿದಿವೆ. ಅವನ್ನು ಕೇಳಿದ ಗುರುತು ಲೇಖನದಲ್ಲಿಲ್ಲ. ಮೈಕ್ ಬರುವ ಮೊದಲಿನ ಕಾಲವದು. ಕಹಳೆಯಂಥ ಕೊಳವೆಯ ಮುಂದೆ ನಿಂತು ಹಾಡಬೇಕಿತ್ತು, ಪಿಯಾನೋ ತೆಳ್ಳಗೆ ಕೇಳುತ್ತಿತ್ತು. ಆ ಗರಗರ ಸದ್ದಿನಾಚೆ ನಿಮಗೆ ಕೇಳಿಸಿದ್ದನ್ನು ಬರೆಯಿರಿ.

ಕೊನೆಯದಾಗಿ, ಗಾಯಕಿ ಮತ್ತು ವಾದ್ಯವೃಂದಕ್ಕಾಗಿ ಬರೆದ ‘ಲುವೊನ್ನೊತಾರ್’ ಎಂಬ ಕೃತಿ ನೀವು ಹೇಳುವಂತೆ ಇವರಿಗಾಗಿ ರಚನೆಯಾದದ್ದಲ್ಲ. ಸಿಬೇಲಿಯಸ್ ಅದನ್ನು ಬರೆದದ್ದು ಒಪೆರಾ ಗಾಯಕಿ ಐನೋ ಆಕ್ತೆಗಾಗಿ, ಆಕೆ ಅದನ್ನು 1913ರಲ್ಲಿ ಇಂಗ್ಲೆಂಡಿನ ಗ್ಲಾಸ್ಟರ್‌ನಲ್ಲಿ ಮೊದಲು ಹಾಡಿದರು. ಇಬ್ಬರನ್ನೂ ಬೆರೆಸಬೇಡಿ. ತಿದ್ದಿದ ಪ್ರತಿಯನ್ನು ನನಗೇ ಕಳುಹಿಸಿ, ಯಾವ ಮುದ್ರಿಕೆಗಳನ್ನು ಕೇಳಿದಿರೆಂದು ಜೊತೆಗೆ ತಿಳಿಸಿ.

ವಿಶ್ವಾಸದಿಂದ,
ಸಂಪಾದಕ