ಮಲಗಿದವಳ ಮೇಲೆ ಇಷ್ಟೊಂದು ಸಿಟ್ಟಾ?

ಹೋದ ಸಂಚಿಕೆಯಲ್ಲಿ ಅಮೆರಿಕದ ಲೇಖಕಿ ಒಟೆಸ್ಸಾ ಮಾಶ್‌ಫೆಗ್ ಅವರ ‘ಮೈ ಇಯರ್ ಆಫ್ ರೆಸ್ಟ್ ಅಂಡ್ ರಿಲ್ಯಾಕ್ಸೇಷನ್’ ಕಾದಂಬರಿ ಬಗ್ಗೆ ಬರೆದಿದ್ದೆ. ಓದದವರಿಗೆ ಎರಡು ಮಾತು. 2018ರಲ್ಲಿ ಬಂದ ಪುಸ್ತಕ. ಕಥೆ ನಡೆಯುವುದು 2000 ಮತ್ತು 2001ರ ನ್ಯೂಯಾರ್ಕ್‌ನಲ್ಲಿ. ಕಥೆ ಹೇಳುವ ಹುಡುಗಿಗೆ ಹೆಸರೇ ಇಲ್ಲ. ನೋಡೋಕೆ ಚಂದ, ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಓದಿದವಳು, ಅಪ್ಪ ಅಮ್ಮ ಇಬ್ಬರೂ ತೀರಿಕೊಂಡಿದ್ದಾರೆ, ಆಸ್ತಿ ಬಿಟ್ಟು ಹೋಗಿದ್ದಾರೆ. ಮಾತ್ರೆ ನುಂಗಿ ಒಂದು ವರ್ಷ ಮಲಗಿಬಿಡೋದು, ಎದ್ದಾಗ ಹೊಸ ಮನುಷ್ಯಳಾಗಿರೋದು, ಇದು ಅವಳ ಲೆಕ್ಕ. ಪುಸ್ತಕದ ತುಂಬಾ ಅವಳು ಮಲಗುತ್ತಾಳೆ, ಏಳುತ್ತಾಳೆ, ಗೊಣಗುತ್ತಾಳೆ, ಮತ್ತೆ ಮಲಗುತ್ತಾಳೆ. ಆದರೂ ನಗು ಬರುತ್ತದೆ.

ಬೆಳಗಾವಿಯಿಂದ ಸಿಂದಗಿವರೆಗೆ ಪತ್ರಗಳು ಬಂದಿವೆ. ಮೆಚ್ಚಿದವರು ಕಡಿಮೆ, ಸಿಟ್ಟಾದವರು ಜಾಸ್ತಿ. ಸಿಟ್ಟಾದವರೇ ಕೊನೇ ಪುಟದವರೆಗೂ ಓದಿದ್ದಾರೆ ಅನ್ನೋದು ಬೇರೆ ಮಾತು.

ಜಮಖಂಡಿಯ ನಿವೃತ್ತ ಮಾಸ್ತರರ ಪ್ರಶ್ನೆ: ಇದು ಉಂಡದ್ದು ಹೆಚ್ಚಾದವರ ಕಥಿ ಅಲ್ಲೇನ್ರಿ? ಬೆಳಗಾದರ ಕಬ್ಬಿಗೆ ನೀರು ಬಿಡಾಕ ಹೋಗೋ ಮಂದಿ ಇದನ್ನ ಯಾಕ ಓದಬೇಕು?

ಹೌದು ಸರ್, ಉಂಡದ್ದು ಹೆಚ್ಚಾದವಳ ಕಥೆಯೇ. ಲೇಖಕಿ ಅದನ್ನು ಮುಚ್ಚಿಟ್ಟಿಲ್ಲ, ಮೊದಲಲ್ಲೇ ಲೆಕ್ಕ ತೆಗೆದು ಮುಂದಿಟ್ಟಿದ್ದಾರೆ. ಅವಳ ಬಿಲ್ಲುಗಳು ಬ್ಯಾಂಕಿನಿಂದ ತಾವೇ ಕಟ್ಟಿಹೋಗುತ್ತವೆ. ಅಪ್ಪ ಅಮ್ಮನ ಹಳೇ ಮನೆಯ ಬಾಡಿಗೆ ತಾನೇ ಖಾತೆಗೆ ಬಂದು ಬೀಳುತ್ತದೆ. ಕೆಲಸದಿಂದ ತೆಗೆದುಹಾಕಿದ ಮೇಲೆ ಸರ್ಕಾರದಿಂದ ನಿರುದ್ಯೋಗ ಭತ್ಯೆ ಬೇರೆ. ಮೂಲೆ ಅಂಗಡಿಯ ಈಜಿಪ್ಟಿನವರು ಕಾಫಿ ಕೊಡುತ್ತಾರೆ, ಔಷಧಿ ಅಂಗಡಿಯವರು ಚೀಟಿ ನೋಡಿ ಮಾತ್ರೆ ಕೊಡುತ್ತಾರೆ, ಅಪಾರ್ಟ್‌ಮೆಂಟಿನ ಬಾಗಿಲಲ್ಲಿ ಕಾವಲುಗಾರ ನಿಂತಿರುತ್ತಾನೆ. ನಾನು ಸಮಾಜ ಬಿಟ್ಟೆ ಅನ್ನುವವಳ ಸುತ್ತ ಇಡೀ ಸಮಾಜ ಪಾಳಿ ಹಚ್ಚಿ ದುಡಿಯುತ್ತಿದೆ, ಅದು ಕಾಣದಿರೋದು ಅವಳೊಬ್ಬಳಿಗೇ. ನನಗೆ ನಗು ಬಂದಿದ್ದು ಅಲ್ಲೇ.

ಇನ್ನೂ ಎರಡು ಹಳೇ ಪುಸ್ತಕ ಇದರ ಪಕ್ಕ ಇಟ್ಟು ನೋಡಿ ಸರ್. ರಷ್ಯಾದ ಗೊಂಚರೋವ್ ಬರೆದ ‘ಒಬ್ಲೊಮೊವ್’ ಬಂದಿದ್ದು 1859ರಲ್ಲಿ. ಅದರ ನಾಯಕ ಮೊದಲ ಭಾಗ ಮುಗಿಯುವವರೆಗೂ ಹಾಸಿಗೆ ಬಿಟ್ಟು ಏಳಲು ಒದ್ದಾಡುತ್ತಾನೆ. ಅವನಿಗೂ ಚಿಂತೆ ಇಲ್ಲ. ಊರಲ್ಲಿ ಜೀತದಾಳುಗಳು ದುಡಿಯುತ್ತಾರೆ, ಕಾಲಿಗೆ ಕಾಲುಚೀಲ ಹಾಕೋಕೂ ಒಬ್ಬ ಆಳು ಇದ್ದಾನೆ. ಆ ಪುಸ್ತಕ ಬಂದ ಎರಡೇ ವರ್ಷಕ್ಕೆ, 1861ರಲ್ಲಿ, ರಷ್ಯಾದಲ್ಲಿ ಆ ಜೀತಪದ್ಧತಿ ರದ್ದಾಯಿತು. ಇನ್ನೊಂದು ಮೆಲ್ವಿಲ್ ಬರೆದ ‘ಬಾರ್ಟಲ್‌ಬಿ’, 1853ರದು. ಅವನು ವಾಲ್ ಸ್ಟ್ರೀಟಿನ ವಕೀಲರ ಕಚೇರಿಯಲ್ಲಿ ನಕಲು ಬರೆಯುವ ಗುಮಾಸ್ತ. ಒಂದು ದಿನ ಕೆಲಸ ಒಲ್ಲೆ ಅನ್ನುತ್ತಾನೆ, ಆಮೇಲೆ ಎಲ್ಲದಕ್ಕೂ ಒಲ್ಲೆ. ಆಸ್ತಿಪಾಸ್ತಿ ಏನೂ ಇಲ್ಲ. ಹಾಗಾಗಿ ಅವನಿಗೆ ಸಿಕ್ಕಿದ್ದು ಜೈಲು. ಅಲ್ಲಿ ಊಟವನ್ನೂ ಬಿಟ್ಟು ಸಾಯುತ್ತಾನೆ. ಆಸ್ತಿ ಇದ್ದವನು ಮಲಗಿದರೆ ತಮಾಷೆ, ಇಲ್ಲದವನು ಮಲಗಿದರೆ ಪೊಲೀಸರು ಬರುತ್ತಾರೆ. ಕಬ್ಬಿಗೆ ನೀರು ಬಿಡುವವರಿಗೆ ಇದನ್ನ ಯಾರೂ ಹೇಳಿಕೊಡಬೇಕಿಲ್ಲ, ನಿಜ. ಅವರು ಓದಿದರೆ ನಮ್ಮೆಲ್ಲರಿಗಿಂತ ಜೋರಾಗಿ ನಗುತ್ತಾರೆ ಅಂತ ಮಾತ್ರ ನನ್ನ ಅನಿಸಿಕೆ.

ವಿಜಯಪುರದಲ್ಲಿ ರೂಮು ಮಾಡಿಕೊಂಡು ಪರೀಕ್ಷೆಗೆ ಓದುತ್ತಿರುವ ಹುಡುಗನ ಪತ್ರ: ಅಕ್ಕಾರ, ನಾನೂ ಹಂಗ ಆಗೇನಿ ಅನಸ್ತು. ಪಿಎಸ್‌ಐ, ಎಫ್‌ಡಿಎ ಅಂತ ಓದಕೋತ ಕುಂತು ಭಾಳ ದಿನ ಆತು. ಜಾತ್ರಿಗೆ ಹೋಗಿಲ್ಲ, ತಂಗಿ ಸೀಮಂತಕ್ಕೂ ಹೋಗಿಲ್ಲ. ಊರಿಗೆ ಹೋದರ ಎಲ್ಲರೂ ರಿಸಲ್ಟ್ ಕೇಳತಾರ. ನಂದೂ ಇದೇ ರೋಗ ಏನ್ರಿ?

ರೋಗ ಅಂತ ಹೆಸರಿಡೋದು ಬೇಡ ತಮ್ಮಾ. ಆದರೆ ನಿನ್ನ ಪತ್ರ ನನ್ನನ್ನು ಸ್ವಲ್ಪ ಹೊತ್ತು ಹಿಡಿದು ಕೂರಿಸಿತು. ‘ಓದಾಕತ್ತೇನಿ’ ಅಂದರೆ ನಮ್ಮ ಕಡೆ ಯಾರೂ ಏನೂ ಕೇಳುವುದಿಲ್ಲ, ಎಷ್ಟು ವರ್ಷ ಬೇಕಾದರೂ ಬಾಗಿಲು ಹಾಕಿಕೊಂಡು ಇರಬಹುದು, ಅವ್ವ ಬಸ್ಸಿನಲ್ಲಿ ರೊಟ್ಟಿ ಬುತ್ತಿ ಕಳಿಸುತ್ತಾಳೆ. ‘ಸುಮ್ನ ಕುಂತೇನಿ’ ಅಂದು ನೋಡು, ಮಾರನೇ ದಿನ ಸೋದರಮಾವ ಬಂದು ನಿಲ್ಲುತ್ತಾನೆ. ಪರೀಕ್ಷೆ ಅನ್ನೋದು ನಮ್ಮ ಸಮಾಜವೇ ಕೊಟ್ಟಿರುವ ರಜಾ ಚೀಟಿ. ಕಾದಂಬರಿಯ ಹುಡುಗಿಗೆ ಆ ಚೀಟಿ ಇರಲಿಲ್ಲ, ಅದಕ್ಕೇ ಅವಳು ವೈದ್ಯೆಗೆ ಸುಳ್ಳು ಹೇಳಿ ಮಾತ್ರೆ ತರಬೇಕಾಯಿತು.

ಜಪಾನ್‌ನಲ್ಲಿ ಆರು ತಿಂಗಳು ಅಥವಾ ಅದಕ್ಕೂ ಜಾಸ್ತಿ ಹೆಚ್ಚಾಗಿ ಮನೆಯಲ್ಲೇ ಉಳಿದು, ಜನರ ಜತೆ ಬೆರೆಯದೆ ಇರುವವರನ್ನು ಸರ್ಕಾರವೇ ಲೆಕ್ಕ ಹಾಕುತ್ತದೆ. ಹಿಕಿಕೊಮೊರಿ ಅನ್ನುತ್ತಾರೆ. ಸೈತೊ ತಮಾಕಿ ಅನ್ನುವ ಮನೋವೈದ್ಯರು 1998ರಲ್ಲಿ ಈ ಬಗ್ಗೆ ಬರೆದ ಪುಸ್ತಕದಿಂದ ಇದು ಮನೆಮಾತಾಯಿತು. 2022ರ ಸಮೀಕ್ಷೆ ಪ್ರಕಾರ 15ರಿಂದ 64 ವಯಸ್ಸಿನವರಲ್ಲಿ ಇಂಥವರು ಸುಮಾರು 14.6 ಲಕ್ಷ. ಅವರಲ್ಲಿ ತುಂಬಾ ಜನ ಶುರು ಮಾಡಿದ್ದು ಕೆಲಸ ಬಿಟ್ಟ ಮೇಲೆ, ಅಥವಾ ಕೊರೊನಾ ಕಾಲದಲ್ಲಿ. ಸೋಮಾರಿತನಕ್ಕಿಂತ ಮುಖ ತೋರಿಸಲು ನಾಚಿಕೆಯೇ ಮನುಷ್ಯನನ್ನು ಜಾಸ್ತಿ ಒಳಗೆ ಕೂರಿಸುತ್ತದೆ. ನೀನು ತಂಗಿಯ ಸೀಮಂತಕ್ಕೆ ಹೋಗದೇ ಇದ್ದದ್ದು ಓದಿಗಾಗಿಯಾ, ರಿಸಲ್ಟ್ ಕೇಳುತ್ತಾರೆ ಅಂತಲಾ? ಉತ್ತರ ನಿನ್ನ ಪತ್ರದಲ್ಲೇ ಇದೆ. ಮೊದಲು ತಂಗಿಗೆ ಒಂದು ಫೋನ್ ಮಾಡು. ಮೆಸ್ಸಿನಲ್ಲಿ ಒಬ್ಬನೇ ಉಣ್ಣಬೇಡ. ಮನಸ್ಸು ಏಳದೇ ಇದ್ದರೆ 14416ಕ್ಕೆ ಕರೆ ಮಾಡು, ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್, ದುಡ್ಡಿಲ್ಲ, ಕನ್ನಡದಲ್ಲೇ ಮಾತಾಡುತ್ತಾರೆ.

ಗೋಕಾಕದ ಓದುಗರು: ನಗು ಎಲ್ಲಿದೆ? ನಮಗೆ ಸಿಗಲಿಲ್ಲ.

ಡಾಕ್ಟರ್ ಟಟ್ಲ್ ಬರುವ ಪುಟಗಳಿಗೆ ಇನ್ನೊಮ್ಮೆ ಹೋಗಿ. ಹುಡುಗಿ ಆಕೆಯನ್ನು ಹುಡುಕುವುದೇ ಟೆಲಿಫೋನ್ ಡೈರೆಕ್ಟರಿಯಲ್ಲಿ. ಅಪ್ಪ ಅಮ್ಮ ಸತ್ತಿದ್ದಾರೆ ಅಂತ ಪ್ರತಿ ಸಲ ಹೇಳಬೇಕು, ಪ್ರತಿ ಸಲ ಆ ವೈದ್ಯೆ ಮರೆಯುತ್ತಾಳೆ. ಆಮೇಲೆ ಮಾತ್ರೆ ಬರೆದು ಕೊಡುತ್ತಾಳೆ. ಅದೂ ಹಿಡಿಸಲಿಲ್ಲ ಅಂದರೆ ಪುಸ್ತಕ ಯಾರಿಗಾದರೂ ಕೊಟ್ಟುಬಿಡಿ, ತಪ್ಪೇನಿಲ್ಲ.

ಬೆಳಗಾವಿ ಟಿಳಕವಾಡಿಯಿಂದ, ಔಷಧಿ ಅಂಗಡಿ ನಡೆಸುವವರು: ಅವಳು ನುಂಗುವ ‘ಇನ್‌ಫರ್ಮಿಟೆರಾಲ್’ ನಿಜವಾಗಿ ಇದೆಯಾ ಅಂತ ಕಾಲೇಜು ಹುಡುಗಿ ಒಬ್ಬಳು ನಮ್ಮ ಅಂಗಡಿಗೆ ಬಂದು ಕೇಳಿದಳು. ಇಂಥ ಪುಸ್ತಕದ ಪರಿಚಯ ಕೊಡುವಾಗ ಒಂದು ಎಚ್ಚರಿಕೆ ಬರೆಯಬಾರದಾ?

ಬರೆಯುತ್ತೇನೆ. ಆ ಮಾತ್ರೆ ಲೇಖಕಿಯ ಕಲ್ಪನೆ, ಯಾವ ಅಂಗಡಿಯಲ್ಲೂ ಸಿಗುವುದಿಲ್ಲ. ಅದನ್ನು ನುಂಗಿದರೆ ಅವಳಿಗೆ ದಿನಗಟ್ಟಲೆ ನೆನಪೇ ಇರುವುದಿಲ್ಲ, ಆ ಹೊತ್ತಿನಲ್ಲಿ ಶಾಪಿಂಗ್ ಮಾಡಿರುತ್ತಾಳೆ, ಒಂದು ಸಲ ಎಚ್ಚರಾದಾಗ ಗೆಳತಿಯ ತಾಯಿಯ ಮಣ್ಣಿಗೆ ಹೋಗುವ ರೈಲಿನಲ್ಲಿ ಕೂತಿರುತ್ತಾಳೆ. ಇದು ಪೂರ್ತಿ ಕಟ್ಟುಕಥೆ ಅಂತಲೂ ಅನ್ನುವ ಹಾಗಿಲ್ಲ. ಜೋಲ್ಪಿಡೆಮ್ ಅನ್ನುವ ನಿಜವಾದ ನಿದ್ದೆ ಮಾತ್ರೆ ತೆಗೆದುಕೊಂಡ ಕೆಲವರು ಪೂರ್ತಿ ಎಚ್ಚರ ಇಲ್ಲದೆಯೇ ನಡೆದಾಡಿದ್ದು, ಗಾಡಿ ಓಡಿಸಿದ್ದು ಕಂಡುಬಂದು 2019ರಲ್ಲಿ ಅಮೆರಿಕದ ಔಷಧ ನಿಯಂತ್ರಣ ಇಲಾಖೆ ಔಷಧಿಯ ಮಾಹಿತಿ ಪತ್ರದಲ್ಲಿ ಅತಿ ಗಂಭೀರ ಎಚ್ಚರಿಕೆ ಹಾಕಿಸಿತು. ನಮ್ಮಲ್ಲಿ ಜೋಲ್ಪಿಡೆಮ್, ಆಲ್‌ಪ್ರಜೋಲಾಮ್ ಇವೆಲ್ಲ ಎಚ್1 ಪಟ್ಟಿಯ ಔಷಧಿಗಳು. ವೈದ್ಯರ ಚೀಟಿ ಇಲ್ಲದೆ ಮಾರುವಂತಿಲ್ಲ, ಅಂಗಡಿಯವರು ಬೇರೆ ರಿಜಿಸ್ಟರಿನಲ್ಲಿ ಬರೆದು ಮೂರು ವರ್ಷ ಇಟ್ಟುಕೊಳ್ಳಬೇಕು. ನಿಮಗೆ ಇದು ನನಗಿಂತ ಚೆನ್ನಾಗಿ ಗೊತ್ತು. ಗೊತ್ತಿದ್ದೂ ‘ನಮ್ಮವರೇ ಬಿಡ್ರಿ’ ಅಂತ ಚೀಟಿ ಇಲ್ಲದೆ ಒಂದು ಸ್ಟ್ರಿಪ್ ಮಾತ್ರೆ ಕೊಡುವ ಅಂಗಡಿಗಳು ಇವೆ, ಅದೂ ನಿಮಗೆ ಗೊತ್ತು.

ಇನ್ನೊಂದು ಮಾತು. ಈಗಾಗಲೇ ಬಹಳ ದಿನದಿಂದ ಇಂಥ ಮಾತ್ರೆ ತಗೊಳ್ಳುತ್ತಿರುವವರು ಇದನ್ನು ಓದಿ ಹೆದರಿ ಒಮ್ಮೆಲೇ ನಿಲ್ಲಿಸಬೇಡಿ. ಆಲ್‌ಪ್ರಜೋಲಾಮ್‌ನಂಥವನ್ನು ಏಕಾಏಕಿ ಬಿಟ್ಟರೆ ಫಿಟ್ಸ್ ಬರಬಹುದು. ವೈದ್ಯರನ್ನು ಕೇಳಿ ನಿಧಾನ ಕಡಿಮೆ ಮಾಡಬೇಕು. ಬೆಳಗಾವಿ, ವಿಜಯಪುರ, ಬಾಗಲಕೋಟೆ, ನಮ್ಮ ಮೂರೂ ಜಿಲ್ಲೆಯವರಿಗೆ ಧಾರವಾಡದ ಡಿಮ್ಹಾನ್ಸ್ ಮಾನಸಿಕ ಆರೋಗ್ಯ ಆಸ್ಪತ್ರೆ ಇದೆ, ಅಲ್ಲಿಗೆ ಹೋಗಿಬಂದರೆ ಹುಚ್ಚರ ಆಸ್ಪತ್ರೆಗೆ ಹೋಗಿದ್ದರು ಅನ್ನುವ ಮಂದಿ ಇನ್ನೂ ಇದ್ದಾರೆ. ಅನ್ನಲಿ ಬಿಡಿ.

ಬಸವನ ಬಾಗೇವಾಡಿಯಿಂದ: ಸಂಸಾರ ಬಿಟ್ಟವರು ನಮ್ಮಲ್ಲಿ ಕಡಿಮೆನಾ? ಸಿದ್ಧೇಶ್ವರ ಅಪ್ಪನವರು ಬಿಟ್ಟರು. ಇವಳದು ಬಿಡೋದಾ, ಬರೀ ಬೀಳೋದಾ?

ವಿಜಯಪುರದ ಜ್ಞಾನಯೋಗಾಶ್ರಮದ ಅಪ್ಪನವರ ಅಂಗಿಗೆ ಜೇಬೇ ಇರಲಿಲ್ಲ. 2018ರಲ್ಲಿ ಪದ್ಮಶ್ರೀ ಬಂದಾಗ ನಯವಾಗಿ ಬೇಡ ಅಂದರು. ತಮ್ಮ ಹೆಸರಲ್ಲಿ ಸ್ಮಾರಕ ಕಟ್ಟಬೇಡಿ ಅಂತ ಬರೆದಿಟ್ಟು 2023ರ ಜನವರಿ 2ರಂದು ಹೋದರು. ಆದರೆ ಅವರು ಬಿಟ್ಟಿದ್ದು ಆಸ್ತಿ, ಜನರನ್ನಲ್ಲ. ಊರೂರಿಗೆ ಹೋಗಿ ಬೆಳಗಿನ ಪ್ರವಚನ ಮಾಡಿದರು. ಈ ಹುಡುಗಿ ಉಲ್ಟಾ, ಆಸ್ತಿ ಇಟ್ಟುಕೊಂಡು ಜನರನ್ನು ಬಿಟ್ಟಳು. ಇಷ್ಟು ಹೇಳಿ ನಿಲ್ಲಿಸಿದರೆ ನಿಮಗೆ ಖುಷಿಯಾಗಬಹುದು, ನನಗೆ ಆಗುವುದಿಲ್ಲ. ಕಾಲೇಜಿನಲ್ಲಿ ಇದ್ದಾಗಲೇ ಅವಳ ಅಪ್ಪ ಕ್ಯಾನ್ಸರಿಗೆ ಹೋದ, ಸ್ವಲ್ಪ ದಿನಕ್ಕೆ ಅಮ್ಮ ತಾನೇ ಪ್ರಾಣ ಕಳೆದುಕೊಂಡಳು. ಅವಳನ್ನು ಹಿಡಿದುಕೊಂಡು ಅಳಲು ಯಾರೂ ಬರಲಿಲ್ಲ. ನಮ್ಮಲ್ಲಿ ಸಾವಾದ ಮನೆಗೆ ಬೇಡ ಅಂದರೂ ಮಂದಿ ಬರುತ್ತಾರೆ, ತಲೆ ತಿನ್ನುತ್ತಾರೆ, ಉಣ್ಣು ಅಂತ ಬಡಿದಾಡುತ್ತಾರೆ, ಆಸ್ತಿ ವಿಚಾರಕ್ಕೆ ಜಗಳ ಹಚ್ಚಿಯೂ ಹೋಗುತ್ತಾರೆ. ಆದರೂ ಬರುತ್ತಾರೆ ಅಲ್ವಾ. ಅವಳು ಆ ಒಂದು ವರ್ಷ ಮಲಗಿ ಮಾಡಿದ್ದು ಆ ಅಳುವನ್ನೇ ಅಂತ ನನಗೆ ಅನಿಸುತ್ತದೆ. ಶರಣರನ್ನು ತಂದು ಅವಳ ತಲೆ ಮೇಲೆ ಕುಟ್ಟೋದು ಬೇಡ.

ಬಾಗಲಕೋಟೆ ನವನಗರದ ಓದುಗಿ: ಪುಸ್ತಕ ಓದುವಾಗ ನನಗೆ ನಮ್ಮ ಅತ್ತೆ ನೆನಪಾದರು. ಹಿನ್ನೀರು ಬಂದು ಹಳೇ ಊರಿನ ಮನೆ ಬಿಟ್ಟು ಸೆಕ್ಟರಿಗೆ ಬಂದ ಮೇಲೆ ಅವರು ಹೊರಗೆ ಹೋಗೋದೇ ಬಿಟ್ಟರು. ಟಿವಿ, ಹಾಸಿಗೆ, ಮತ್ತೆ ಟಿವಿ. ಯಾರೂ ಅವರ ಬಗ್ಗೆ ಕಾದಂಬರಿ ಬರೆಯಲಿಲ್ಲ.

ಬಂದ ಪತ್ರಗಳಲ್ಲಿ ನನಗೆ ಬಹಳ ಹಿಡಿಸಿದ್ದು ನಿಮ್ಮದು. ಆಲಮಟ್ಟಿಯ ನೀರಿನ ಬಗ್ಗೆ ಮಾತಾಡುವಾಗ ನಾವು ಪರಿಹಾರ ಎಷ್ಟು, ಅಣೆಕಟ್ಟಿನ ಎತ್ತರ 519.60 ಮೀಟರಾ 524ಕ್ಕೂ ಏರಿಸುತ್ತಾರಾ ಅಂತ ಮಾತಾಡುತ್ತೇವೆ. ಓಣಿ ಕಟ್ಟೆಗೆ ಪರಿಹಾರ ಯಾರು ಕೊಟ್ಟರು? ಎದುರು ಮನೆಯವರು ಒಂದು ಸೆಕ್ಟರಿಗೆ, ಪಕ್ಕದ ಮನೆಯವರು ಇನ್ನೊಂದಕ್ಕೆ. ರಸ್ತೆ ಅಗಲ ಆಯಿತು, ದಾಟಿ ಹೋಗಿ ಕೂರೋಕೆ ಮನೆ ಇಲ್ಲ. ನಿಮ್ಮ ಅತ್ತೆ ಸಮಾಜ ಬಿಟ್ಟಿಲ್ಲ ತಾಯಿ, ಸಮಾಜವೇ ಅವರನ್ನು ಬಿಟ್ಟು ಬೇರೆ ಬೇರೆ ನಂಬರಿನ ಪ್ಲಾಟಿಗೆ ಹೋಯಿತು. ಹಳೇ ಓಣಿಯ ಯಾವ ಮನೆಯವರು ಈಗ ಯಾವ ಸೆಕ್ಟರಿನಲ್ಲಿ ಇದ್ದಾರೆ ಅಂತ ಅವರನ್ನೇ ಕೇಳಿ, ಒಂದು ಹಾಳೆಯಲ್ಲಿ ಬರೆದುಕೊಳ್ಳಿ. ಆಟೋ ಮಾಡಿ ಒಬ್ಬರ ಮನೆಗಾದರೂ ಕರೆದುಕೊಂಡು ಹೋಗಿ. ‘ಒಲ್ಲೆ’ ಅನ್ನುತ್ತಾರೆ. ಮೊದಲ ಸಲ ಅನ್ನಲಿ. ಆ ಹಾಳೆ ತುಂಬಿದರೆ ನನಗೂ ಒಂದು ಪ್ರತಿ ಕಳಿಸಿ, ಕಾದಂಬರಿ ಬರೆಯುವವರಿಗೆ ಕೊಡೋಣ.

ಅಥಣಿಯಿಂದ: ಕೊನೆಗೆ ಆ ಗೆಳತಿಯನ್ನು ಸಾಯಿಸಿದ್ದು ಯಾಕೆ? ಆಕೆ ಒಬ್ಬಳೇ ಆ ಪುಸ್ತಕದಲ್ಲಿ ಒಳ್ಳೆಯವಳು.

ಕೊನೆ ಗೊತ್ತಾಗಬಾರದು ಅನ್ನುವವರು ಇದನ್ನು ಬಿಟ್ಟು ಮುಂದಿನ ಪ್ರಶ್ನೆಗೆ ಹೋಗಿ. ರೀವಾ ಅಂತ ಆ ಗೆಳತಿ. ಬಾಗಿಲು ಬಡಿದು ಬರುವವಳು ಅವಳೊಬ್ಬಳೇ. ಜಾಸ್ತಿ ಮಾತು, ಸ್ವಲ್ಪ ಹೊಟ್ಟೆಕಿಚ್ಚು, ಕುಡಿತ, ತಿಂದದ್ದನ್ನು ಕಕ್ಕುವ ಚಟ, ಆದರೂ ಬರುತ್ತಾಳೆ. ಆಫೀಸಿನ ಸಾಹೇಬನ ಜತೆ ಸಂಬಂಧ ಇತ್ತು, ಅವನು ಅವಳನ್ನು ದೂರ ಮಾಡಲು ವರ್ಲ್ಡ್ ಟ್ರೇಡ್ ಸೆಂಟರಿನ ಆಫೀಸಿಗೆ ವರ್ಗ ಮಾಡಿಸುತ್ತಾನೆ. ನಮ್ಮ ಹುಡುಗಿ ಬೇಸಿಗೆಯಲ್ಲಿ ಎಚ್ಚರಾಗುತ್ತಾಳೆ, ಹೂವು ಮರ ಎಲ್ಲ ಚಂದ ಕಾಣುತ್ತವೆ, ನಾವು ಸಾಕಪ್ಪ ಗೆದ್ದಳು ಅಂದುಕೊಳ್ಳುತ್ತೇವೆ. ಆಮೇಲೆ 2001ರ ಸೆಪ್ಟೆಂಬರ್ 11 ಬರುತ್ತದೆ, ಆ ವರ್ಲ್ಡ್ ಟ್ರೇಡ್ ಸೆಂಟರಿನ ಮೇಲೆ ದಾಳಿಯಾದ ದಿನ. ಪುಸ್ತಕ ತೆಗೆದಾಗಲೇ ವರ್ಷ ನೋಡಿದವರಿಗೆ ಇದು ಬರುತ್ತಿದೆ ಅಂತ ಗೊತ್ತಿತ್ತು, ಆದರೂ ಮರೆತಿರುತ್ತೇವೆ, ಅಷ್ಟು ನಗಿಸಿರುತ್ತಾರೆ. ರೀವಾ ಒಳ್ಳೆಯವಳಾಗಿದ್ದಕ್ಕೆ ಸತ್ತಳು ಅನ್ನುವ ನ್ಯಾಯ ಅಲ್ಲಿ ಇಲ್ಲ. ಕೆಲಸಕ್ಕೆ ಹೋಗಿದ್ದಳು, ಅಷ್ಟೇ. ಮಲಗಿದವಳು ಉಳಿದಳು. ನಿಮಗೆ ಸಿಟ್ಟು ಬಂದರೆ ಸರಿಯಾಗೇ ಓದಿದ್ದೀರಿ.

ಇಳಕಲ್ಲಿನಿಂದ: ಕನ್ನಡದಲ್ಲಿ ಇಂಥದ್ದು ಯಾವುದು ಓದಬಹುದು?

ಇಂಥದ್ದೇ ಅಂದರೆ ಕಷ್ಟ. ನಮ್ಮ ನಾಯಕರು ತಾವಾಗಿ ಮಲಗುವುದಿಲ್ಲ, ಯಾರಾದರೂ ಹೊರಗೆ ದೂಡುತ್ತಾರೆ. ಯಶವಂತ ಚಿತ್ತಾಲರ ‘ಶಿಕಾರಿ’ ಓದಿ, 1979ರದು. ಮುಂಬೈಯ ಕಂಪನಿಯಲ್ಲಿ ದೊಡ್ಡ ಹುದ್ದೆಯಲ್ಲಿ ಇದ್ದ ನಾಗಪ್ಪ ಸಸ್ಪೆಂಡ್ ಆಗಿ, ಯಾರು ತನ್ನ ಬೆನ್ನು ಹತ್ತಿದ್ದಾರೆ ಅಂತ ತಿಳಿಯದೆ ಒದ್ದಾಡುತ್ತಾನೆ. ನಗು ಕಡಿಮೆ, ಎದೆ ಬಡಿತ ಜಾಸ್ತಿ. ರಾತ್ರಿ ಓದಬೇಡಿ.

ರಬಕವಿ-ಬನಹಟ್ಟಿಯಿಂದ: ಈ ಇಂಗ್ಲಿಷ್ ಪುಸ್ತಕ ಅಪ್ಪನ ಎದುರಿಗೆ ಕೂತು ಓದಬಹುದಾ?

ಅಪ್ಪನಿಗೆ ಇಂಗ್ಲಿಷ್ ಬರದಿದ್ದರೆ ಓದಿ.